ಪಿಸ್ಟಲ್ ಪೀಟ್ ಮತ್ತು ಅಪ್ಪನ ಡೈರಿ

ಅಪ್ಪ ಹಾಸನದ ಒಂದು ಸಹಕಾರಿ ಬ್ಯಾಂಕಿನಲ್ಲಿ ಕ್ಯಾಷಿಯರ್ ಆಗಿದ್ದರು. ಪ್ರತಿ ಜನವರಿಗೆ ಬ್ಯಾಂಕಿನಿಂದ ಒಂದು ಡೈರಿ ಬರುತ್ತಿತ್ತು. ಅದರಲ್ಲಿ ಹಾಲಿನ ಲೆಕ್ಕ, ಪೇಪರಿನ ಲೆಕ್ಕ, ಸಿಲಿಂಡರ್ ಬಂದ ದಿನ, ಎಲ್ಲ ಬರೆದಿಡುತ್ತಿದ್ದರು. ನಾನು ಕಾಲೇಜು ಟೀಮಿಗೆ ಬ್ಯಾಸ್ಕೆಟ್‌ಬಾಲ್ ಆಡಲು ಶುರು ಮಾಡಿದ ಮೇಲೆ ಅಲ್ಲಿ ಇನ್ನೊಂದು ಲೆಕ್ಕ ಸೇರಿತು. ಮ್ಯಾಚ್ ಇದ್ದ ದಿನದ ಪುಟದ ಮೂಲೆಯಲ್ಲಿ, ಕೆಂಪು ಇಂಕಿನಲ್ಲಿ, ನಾನು ಹೊಡೆದ ಪಾಯಿಂಟ್. 8. 11. 4. 14. ಅಷ್ಟೇ. ನಾವು ಗೆದ್ದೆವಾ, ಸೋತೆವಾ ಎಂದು ಕೂಡ ಇಲ್ಲ.

ನಾನು ಆಡುತ್ತಿದ್ದದ್ದು ಪಾಯಿಂಟ್ ಗಾರ್ಡ್. ಬಾಲ್ ತಂದು, ಯಾರು ಎಲ್ಲಿ ಖಾಲಿ ಇದ್ದಾರೆ ನೋಡಿ, ಅವರ ಕೈಗೆ ಮುಟ್ಟಿಸುವುದು ನನ್ನ ಕೆಲಸ. ಒಳ್ಳೆಯ ದಿನ ಎಂದರೆ ನಮ್ಮ ಟೀಮಿನ ಉದ್ದನೆಯ ಹುಡುಗಿ ರಿಂಗ್ ಕೆಳಗೆ ನಿಂತು ಸುಮ್ನೆ ಕೈ ಎತ್ತಿ ಹಾಕುವಂತೆ ಹತ್ತು ಸಲ ಬಾಲ್ ಕೊಟ್ಟ ದಿನ. ಅಂಥ ದಿನ ಡೈರಿಯಲ್ಲಿ 4 ಎಂದಿರುತ್ತಿತ್ತು. ಒಮ್ಮೆ ಕೇಳಿಯೇ ಬಿಟ್ಟೆ, "ಅಪ್ಪಾ, ಪಾಸ್‌ಗಳನ್ನೂ ಬರೀಬಾರ್ದಾ?" ಎಂದು. ಅವರು ಕನ್ನಡಕ ತೆಗೆದು, "ಅದನ್ನ ಹೇಗಮ್ಮ ಎಣಿಸೋದು?" ಎಂದರು. ನಿಜವಾಗಿಯೂ ಗೊತ್ತಿಲ್ಲದೆ ಕೇಳಿದ ಪ್ರಶ್ನೆ ಅದು.

ಪೀಟ್ ಮ್ಯಾರವಿಚ್ ಹೆಸರು ನಾನು ಮೊದಲು ಕೇಳಿದ್ದು ಆ ಕಾಲದಲ್ಲೇ, ನಮ್ಮ ಕೋಚ್ ಬಾಯಲ್ಲಿ. ಬೆನ್ನ ಹಿಂದಿನಿಂದ ಪಾಸ್ ಕೊಡಲು ಹೋಗಿ ಬಾಲ್ ಗೆರೆ ದಾಟಿ ಹೋದಾಗಲೆಲ್ಲ, "ಏನಮ್ಮ, ಪಿಸ್ಟಲ್ ಪೀಟ್ ಅಂದ್ಕೊಂಡ್ಯಾ?" ಎನ್ನುತ್ತಿದ್ದರು. ಯಾರು ಆ ಪೀಟ್ ಎಂದು ಹುಡುಕಲು ಆಗ ದಾರಿ ಇರಲಿಲ್ಲ. ಹೆಸರು ಮಾತ್ರ ಕಿವಿಯಲ್ಲಿ ಉಳಿಯಿತು.

ಅದು ಮತ್ತೆ ಎದುರಾದದ್ದು 2024 ರ ಮಾರ್ಚ್‌ನಲ್ಲಿ. ಅಮೆರಿಕದ ಅಯೋವಾ ವಿಶ್ವವಿದ್ಯಾಲಯದ ಕೇಟ್ಲಿನ್ ಕ್ಲಾರ್ಕ್ ಎಂಬ ಹುಡುಗಿ, ಅವಳೂ ಗಾರ್ಡ್, ಮಾರ್ಚ್ 3 ರಂದು ಒಹಾಯೊ ಸ್ಟೇಟ್ ಎದುರು 35 ಪಾಯಿಂಟ್ ಹೊಡೆದು, ಅಲ್ಲಿನ ಮೇಲ್ದರ್ಜೆಯ ಕಾಲೇಜು ಆಟದಲ್ಲಿ ಒಬ್ಬರು ಹೊಡೆದ ಒಟ್ಟು ಪಾಯಿಂಟಿನ ಹಳೆಯ ದಾಖಲೆಯನ್ನು ದಾಟಿದಳು. ಹಾಫ್ ಟೈಮಿಗೆ ಸ್ವಲ್ಪ ಮುಂಚೆ, ಫ್ರೀ ಥ್ರೋ ಗೆರೆಯಲ್ಲಿ ನಿಂತು. ಆ ದಾಖಲೆ 3,667 ಪಾಯಿಂಟ್. ಅದರ ಒಡೆಯ ಪೀಟ್ ಮ್ಯಾರವಿಚ್. 1970 ರಲ್ಲಿ ಬರೆದಿಟ್ಟ ಅಂಕಿಯನ್ನು 54 ವರ್ಷ ಯಾರೂ ಮುಟ್ಟಿರಲಿಲ್ಲ. ಅವತ್ತಿನಿಂದ ಅವನ ಹಳೆಯ ವಿಡಿಯೊಗಳನ್ನು ನೋಡುತ್ತಾ ಹೋದೆ. ಒಂದು ತಿಂಗಳು ಬಿಡಲಿಲ್ಲ. ಕಪ್ಪು ಬಿಳುಪು ಚಿತ್ರ, ಮುಖದ ಮೇಲೆ ಬೀಳುವ ಕೂದಲು, ಕಾಲಿನ ಗಿಣ್ಣಿಗೆ ಜಾರಿ ಮುದುಡಿಕೊಂಡ ಬೂದು ಬಣ್ಣದ ಕಾಲುಚೀಲ, ಸಣಕಲು ಹುಡುಗ. ಎಲ್ಲರೂ ಅವನ ಪಾಯಿಂಟ್ ಬಗ್ಗೆ ಬರೆಯುತ್ತಾರೆ. ನನ್ನ ಕಣ್ಣು ಮಾತ್ರ ಅವನ ಪಾಸ್‌ಗಳ ಮೇಲೇ ಹೋಗುತ್ತಿತ್ತು.

ಪೀಟ್ ಹುಟ್ಟಿದ್ದು 1947 ರ ಜೂನ್ 22 ರಂದು, ಪೆನ್ಸಿಲ್ವೇನಿಯಾದ ಅಲಿಕ್ವಿಪ್ಪ ಎಂಬ ಉಕ್ಕಿನ ಕಾರ್ಖಾನೆಯ ಊರಿನಲ್ಲಿ. ಅಪ್ಪ ಪ್ರೆಸ್ ಮ್ಯಾರವಿಚ್, ಸರ್ಬಿಯಾದಿಂದ ವಲಸೆ ಬಂದವರ ಮಗ. ಚಿಕ್ಕವನಿದ್ದಾಗ 'ಪಿಟ್ಸ್‌ಬರ್ಗ್ ಪ್ರೆಸ್' ಪತ್ರಿಕೆ ಮಾರುತ್ತಿದ್ದ, ಅದಕ್ಕೇ ಪ್ರೆಸ್ ಎಂಬ ಹೆಸರು ಅಂಟಿಕೊಂಡಿತು. ಕಾರ್ಖಾನೆಯ ಕುಲುಮೆಯಿಂದ ಅವನನ್ನು ಹೊರಗೆ ತಂದದ್ದು ಬ್ಯಾಸ್ಕೆಟ್‌ಬಾಲ್. ತಾನೂ ಸ್ವಲ್ಪ ಕಾಲ ವೃತ್ತಿಪರನಾಗಿ ಆಡಿದ, ಆಮೇಲೆ ಕೋಚ್ ಆದ. ಕ್ಲೆಮ್ಸನ್, ನಾರ್ತ್ ಕ್ಯಾರೊಲಿನಾ ಸ್ಟೇಟ್, ಹೀಗೆ ಕೆಲಸ ಸಿಕ್ಕ ಕಡೆಗೆಲ್ಲ ಸಂಸಾರ ಕಟ್ಟಿಕೊಂಡು ಹೋದ. ಆಟವನ್ನು ಆಳವಾಗಿ ಬಲ್ಲವನು ಎಂದು ಕೋಚ್‌ಗಳ ನಡುವೆ ಹೆಸರಿತ್ತು. ತಾನು ಆಡಲಾಗದ್ದನ್ನು ಮಗ ಆಡಬೇಕು ಎಂಬ ಆಸೆಯೂ ಇತ್ತು.

ಆಮೇಲೆ ನಡೆದದ್ದನ್ನು ಪೀಟ್ ಕಥೆ ಬರೆದವರೆಲ್ಲ ಹೇಳಿದ್ದಾರೆ. ಆದರೂ ಹೇಳುತ್ತೇನೆ, ಯಾಕೆಂದರೆ ಮೊದಲ ಸಲ ಓದಿದಾಗ ನಾನು ಪುಟ ಮುಚ್ಚಿ ಸ್ವಲ್ಪ ಹೊತ್ತು ಕೂತಿದ್ದೆ. ಹುಡುಗ ಸೈಕಲ್ ತುಳಿಯುತ್ತಾ ಡ್ರಿಬಲ್ ಮಾಡುತ್ತಿದ್ದ. ಸಿನಿಮಾಕ್ಕೆ ಹೋದರೆ ಸಾಲಿನ ತುದಿಯ ಸೀಟಿನಲ್ಲಿ ಕೂತು, ಸಿನಿಮಾ ನೋಡುತ್ತಲೇ ಪಕ್ಕದ ಓಡಾಟದ ಜಾಗದಲ್ಲಿ ಬಾಲ್ ಪುಟಿಸುತ್ತಿದ್ದ. ಅಪ್ಪ ಕಾರು ಓಡಿಸುವಾಗ ಹುಡುಗ ಕಿಟಕಿಯಿಂದ ಹೊರಗೆ ಬಾಗಿ ರಸ್ತೆಯ ಮೇಲೆ ಡ್ರಿಬಲ್ ಮಾಡಬೇಕು. ಅಪ್ಪ ವೇಗ ಹೆಚ್ಚು ಕಡಿಮೆ ಮಾಡುತ್ತಿದ್ದ, ಬಾಲ್ ಕೈ ತಪ್ಪಬಾರದು. ರಾತ್ರಿ ಮಲಗಿದಲ್ಲೇ ಬಾಲನ್ನು ಮೇಲಕ್ಕೆ ಎಸೆದು ಹಿಡಿಯುತ್ತಾ ಬೆರಳ ತುದಿ, ಹಿಂತಿರುಗು, ಕೈ ಚಾಚು ಎಂದು ಗೊಣಗಿಕೊಳ್ಳುತ್ತಿದ್ದ. ಬಾಲ್ ತಬ್ಬಿಕೊಂಡೇ ನಿದ್ದೆ.

ಅಪ್ಪ ಮಗ ಸೇರಿ ಕೈಚಳಕದ ವ್ಯಾಯಾಮಗಳನ್ನೇ ಕಟ್ಟಿದರು, ಒಂದೊಂದಕ್ಕೂ ಒಂದು ಹೆಸರು. 'ಪ್ರೆಟ್ಜೆಲ್' ಎಂದರೆ ಕಾಲುಗಳ ನಡುವೆ ಬಾಲ್ ಹಿಡಿದು, ಒಂದು ಕೈ ಮುಂದೆ ಒಂದು ಕೈ ಹಿಂದೆ, ಕ್ಷಣದಲ್ಲಿ ಕೈ ಅದಲು ಬದಲು, ಬಾಲ್ ನೆಲ ಮುಟ್ಟಬಾರದು. 'ರಿಕೋಶೆ' ಎಂದರೆ ಮುಂದಿನಿಂದ ಕಾಲುಗಳ ನಡುವೆ ನೆಲಕ್ಕೆ ಬಡಿದು ಬೆನ್ನ ಹಿಂದೆ ಹಿಡಿಯುವುದು. ಇವುಗಳಲ್ಲಿ ಶೂಟಿಂಗ್ ಇಲ್ಲ, ಗಮನಿಸಿ. ಎಲ್ಲವೂ ಕೈ ಮತ್ತು ಬಾಲಿನ ಸ್ನೇಹ. ಹನ್ನೆರಡು ಹದಿಮೂರರ ವಯಸ್ಸಿನಲ್ಲಿ ಬಾಲನ್ನು ತಲೆಯ ಮೇಲೆ ಎತ್ತಿ ಹೊಡೆಯುವಷ್ಟು ಶಕ್ತಿ ಇರಲಿಲ್ಲ, ಸೊಂಟದ ಪಕ್ಕದಿಂದಲೇ ಎಸೆಯುತ್ತಿದ್ದ, ಒರೆಯಿಂದ ಪಿಸ್ತೂಲು ಎಳೆದಂತೆ. ಪಿಸ್ಟಲ್ ಪೀಟ್ ಎಂಬ ಹೆಸರು ಬಂದದ್ದು ಹಾಗೆ.

1966 ರಲ್ಲಿ ಅಪ್ಪನಿಗೆ ಲೂಯಿಸಿಯಾನ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ, ಎಂದರೆ ಎಲ್‌ಎಸ್‌ಯುನಲ್ಲಿ, ಕೋಚ್ ಕೆಲಸ ಸಿಕ್ಕಿತು. ಅದು ಅಮೆರಿಕನ್ ಫುಟ್‌ಬಾಲ್ ಊರು. ಬ್ಯಾಸ್ಕೆಟ್‌ಬಾಲ್ ಎಂದರೆ ಫುಟ್‌ಬಾಲ್ ಇಲ್ಲದ ತಿಂಗಳುಗಳಲ್ಲಿ ಹೊತ್ತು ಕಳೆಯುವ ವಿಷಯ. ಆಡುತ್ತಿದ್ದದ್ದು ಕೃಷಿ ವಿಭಾಗದ ಕಟ್ಟಡದಲ್ಲಿ, ದನಗಳ ಪ್ರದರ್ಶನ ನಡೆಯುವ ಅಂಗಳದ ಮೇಲೆ ಮರದ ಹಲಗೆ ಹಾಸಿ. ಜನ ಅದನ್ನು 'ಕೌ ಪ್ಯಾಲೆಸ್' ಎಂದೇ ಕರೆಯುತ್ತಿದ್ದರು. ಮಗನಿಗೆ ವೆಸ್ಟ್ ವರ್ಜೀನಿಯಾ ವಿಶ್ವವಿದ್ಯಾಲಯದ ಮೇಲೆ ಮನಸ್ಸಿತ್ತು. ಅಪ್ಪ ಒಪ್ಪಲಿಲ್ಲ. ಮಗನೂ ಎಲ್‌ಎಸ್‌ಯುಗೇ ಬಂದ.

ಆ ಮೊದಲ ವರ್ಷದ ಬಗ್ಗೆ ನಾನು ಜಾಸ್ತಿ ಯೋಚಿಸಿದ್ದೇನೆ. ಆಗಿನ ನಿಯಮದಂತೆ ಮೊದಲ ವರ್ಷದ ವಿದ್ಯಾರ್ಥಿಗಳು ಮುಖ್ಯ ಟೀಮಿನಲ್ಲಿ ಆಡುವಂತಿಲ್ಲ, ಅವರದ್ದೇ ಬೇರೆ ಟೀಮು. ಆ ಟೀಮಿನಲ್ಲಿ ಪೀಟ್ ಪಂದ್ಯಕ್ಕೆ ಸರಾಸರಿ 43 ಪಾಯಿಂಟ್ ದಾಟಿಸಿದ, ಟೀಮು 17 ಗೆದ್ದು 1 ಸೋತಿತು. ಅದೇ ವರ್ಷ ಅಪ್ಪನ ಮುಖ್ಯ ಟೀಮು 3 ಗೆದ್ದು 23 ಸೋತಿತು. ಹೊಸಬರ ಪಂದ್ಯ ಮೊದಲು, ದೊಡ್ಡವರದ್ದು ಆಮೇಲೆ. ಜನ ಹುಡುಗನ ಆಟ ನೋಡಿ ಎದ್ದು ಮನೆಗೆ ಹೋಗಿಬಿಡುತ್ತಿದ್ದರು. ಖಾಲಿ ಬೆಂಚುಗಳ ಮುಂದೆ ಅಪ್ಪ ಸೋಲುತ್ತಾ ನಿಂತಿರುತ್ತಿದ್ದ. ರಾತ್ರಿ ಇಬ್ಬರೂ ಎದುರೆದುರು ಕೂತಾಗ ಏನು ಮಾತಾಡಿರಬಹುದು, ಅಲ್ವಾ?

ಮುಂದಿನ ವರ್ಷ ಮಗ ಅಪ್ಪನ ಟೀಮಿಗೆ ಬಂದ. ಅಪ್ಪ ಅವನ ಕೈಗೆ ಪೂರ್ತಿ ಅನುಮತಿ ಕೊಟ್ಟ: ಹೊಡಿ.

ಹೊಡೆದ. 1967-68 ರಲ್ಲಿ 26 ಪಂದ್ಯ, 1,138 ಪಾಯಿಂಟ್. ಮುಂದಿನ ವರ್ಷ 26 ಪಂದ್ಯ, 1,148. ಕೊನೆಯ ವರ್ಷ 31 ಪಂದ್ಯ, 1,381. ಒಟ್ಟು 83 ಪಂದ್ಯಕ್ಕೆ 3,667. ಸರಾಸರಿ 44.2. ಅದು ಎಷ್ಟು ದೊಡ್ಡದು ಎಂದರೆ, ಈ ಸರಾಸರಿಯ ಪಟ್ಟಿಯಲ್ಲಿ ಅವನ ನಂತರದ ಹೆಸರು ನಾಟರ್ ಡೇಮ್‌ನ ಆಸ್ಟಿನ್ ಕಾರ್, 34.6. ಮಧ್ಯೆ ಹತ್ತು ಪಾಯಿಂಟಿನ ಖಾಲಿ ಜಾಗ. ಒಂದು ಪಂದ್ಯದಲ್ಲಿ 50 ಅಥವಾ ಅದಕ್ಕಿಂತ ಹೆಚ್ಚು ಹೊಡೆದದ್ದು 28 ಸಲ. ಆಗ ತ್ರೀ ಪಾಯಿಂಟ್ ಗೆರೆ ಇರಲಿಲ್ಲ, ಎಷ್ಟು ದೂರದಿಂದ ಹಾಕಿದರೂ ಎರಡೇ. ಶಾಟ್ ಕ್ಲಾಕ್ ಕೂಡ ಇರಲಿಲ್ಲ, ಎದುರಾಳಿ ಬಯಸಿದರೆ ಬಾಲನ್ನು ಇಟ್ಟುಕೊಂಡೇ ಕಾಲ ಕಳೆಯಬಹುದಿತ್ತು. ಆಮೇಲೆ ಎಲ್‌ಎಸ್‌ಯು ಕೋಚ್ ಆಗಿ ಬಂದ ಡೇಲ್ ಬ್ರೌನ್ ಹಳೆಯ ಶಾಟ್‌ಗಳ ದಾಖಲೆ ಇಟ್ಟುಕೊಂಡು, ತ್ರೀ ಪಾಯಿಂಟ್ ಗೆರೆ ಇದ್ದಿದ್ದರೆ ಸರಾಸರಿ 57 ಆಗುತ್ತಿತ್ತು ಎಂದು ಲೆಕ್ಕ ಹಾಕಿದ.

ಎಲ್ಲರೂ ಇಲ್ಲಿಗೆ ನಿಲ್ಲಿಸುತ್ತಾರೆ. ನನಗೆ ಇಲ್ಲಿಂದಲೇ ತಳಮಳ ಶುರು.

ಅದೇ ದಾಖಲೆಯ ಇನ್ನೊಂದು ಕಾಲಂ ನೋಡಿ. 83 ಪಂದ್ಯದಲ್ಲಿ ಅವನು ರಿಂಗ್ ಕಡೆ ಎಸೆದದ್ದು 3,166 ಸಲ. ಪಂದ್ಯಕ್ಕೆ 38. ಒಳಗೆ ಬಿದ್ದದ್ದು 1,387, ನೂರಕ್ಕೆ 44 ರಷ್ಟು. ಒಂದು ಕಾಲೇಜು ಪಂದ್ಯ 40 ನಿಮಿಷ. ಎಂದರೆ ಹೆಚ್ಚು ಕಡಿಮೆ ನಿಮಿಷಕ್ಕೊಂದು ಶಾಟ್. ನಾನು ಗಾರ್ಡ್ ಆಡಿದವಳು, ಈ ಲೆಕ್ಕ ನನ್ನ ತೋಳಿಗೆ ಅರ್ಥವಾಗುತ್ತದೆ. ಮೂರು ವರ್ಷ, ಪ್ರತಿ ಪಂದ್ಯ, ಮೈಮೇಲೆ ಇಬ್ಬರು ಮೂವರು ಬೀಳುತ್ತಿರುವಾಗ, ನಿಮಿಷಕ್ಕೊಂದು. ಅದನ್ನು ಸ್ವಾರ್ಥ ಎಂದವರು ಆಗಲೂ ಇದ್ದರು, ಈಗಲೂ ಇದ್ದಾರೆ. ನನಗೆ ಹಾಗೆ ಕಾಣುವುದಿಲ್ಲ. ಅದು ಹೊರೆ. ಅಪ್ಪನ ಕೆಲಸ ಉಳಿಯಬೇಕು, ದನದ ಅಂಗಳ ತುಂಬಬೇಕು, 3 ಗೆದ್ದು 23 ಸೋತ ಟೀಮು ಎದ್ದು ನಿಲ್ಲಬೇಕು. ಅದಕ್ಕೆಲ್ಲ ಇದ್ದದ್ದು ಒಬ್ಬ ಹುಡುಗನ ಎರಡು ಕೈ.

ಎಷ್ಟು ಹೊಡೆದರೂ ಸಾಲದ ದಿನಗಳೇ ಎಷ್ಟೋ. 1970 ರ ಫೆಬ್ರವರಿ 7 ರಂದು ಅಲಬಾಮ ಎದುರು 69 ಪಾಯಿಂಟ್. ಅಷ್ಟು ಹೊಡೆದೂ ಎಲ್‌ಎಸ್‌ಯು 104-106 ರಲ್ಲಿ ಸೋತಿತು. ಎರಡು ವಾರದ ನಂತರ ಕೆಂಟಕಿ ಎದುರು 64. ಅವತ್ತು ಆ ಕಡೆ ಡ್ಯಾನ್ ಇಸೆಲ್ 51 ಹೊಡೆದ, ಎಲ್‌ಎಸ್‌ಯುಗೆ ಮತ್ತೆ ಸೋಲು, 105-121. ಪೀಟ್ ಇದ್ದ ಮೂರು ವರ್ಷದಲ್ಲಿ ಟೀಮು ಗೆದ್ದದ್ದು 49, ಸೋತದ್ದು 35. ಕಾಲೇಜು ಆಟದ ದೊಡ್ಡ ವೇದಿಕೆ ಎನ್‌ಸಿಎಎ ಟೂರ್ನಮೆಂಟಿಗೆ ಒಮ್ಮೆಯೂ ಹೋಗಲಿಲ್ಲ. ಕೊನೆಯ ವರ್ಷ ಅದಕ್ಕಿಂತ ಕೆಳಗಿನ ಎನ್‌ಐಟಿಯಲ್ಲಿ, ನ್ಯೂಯಾರ್ಕಿನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್‌ನಲ್ಲಿ, ಸೆಮಿಫೈನಲ್‌ನಲ್ಲಿ ಮಾರ್ಕ್ವೆಟ್ ವಿಶ್ವವಿದ್ಯಾಲಯದ ಎದುರು ಸೋತರು. ಮೂರನೇ ಸ್ಥಾನದ ಪಂದ್ಯಕ್ಕೆ ಪೆಟ್ಟಾಗಿ ಅವನು ಇಳಿಯಲೇ ಇಲ್ಲ. ಅವನ ಕಾಲೇಜು ಆಟ ಮುಗಿದದ್ದು ಹಾಗೆ.

ಅದೇ ವರ್ಷ ಜನವರಿ 31 ರಂದು, ಓಲ್ ಮಿಸ್ ಎಂದು ಕರೆಯುವ ಮಿಸಿಸಿಪಿ ವಿಶ್ವವಿದ್ಯಾಲಯದ ಎದುರು 53 ಹೊಡೆದು, ಆಸ್ಕರ್ ರಾಬರ್ಟ್‌ಸನ್ ಎಂಬ ದೊಡ್ಡ ಗಾರ್ಡ್‌ನ 2,973 ರ ದಾಖಲೆಯನ್ನು ದಾಟಿದ್ದ. ಇಲ್ಲಿ ಇನ್ನೊಂದು ಮಾತು ಹೇಳಲೇಬೇಕು. ರಾಬರ್ಟ್‌ಸನ್ ಕಪ್ಪು ವರ್ಣದವನು. ಅಮೆರಿಕದ ದಕ್ಷಿಣ ರಾಜ್ಯಗಳ ಕಾಲೇಜುಗಳು ಕಪ್ಪು ಹುಡುಗರಿಗೆ ಬಹಳ ಕಾಲ ಬಾಗಿಲು ಮುಚ್ಚಿದ್ದವು. ಎಲ್‌ಎಸ್‌ಯು ಇದ್ದ, ದಕ್ಷಿಣದ ಕಾಲೇಜುಗಳ ಎಸ್‌ಇಸಿ ಕೂಟದಲ್ಲಿ ಮೊದಲ ಕಪ್ಪು ಬ್ಯಾಸ್ಕೆಟ್‌ಬಾಲ್ ಆಟಗಾರ ವ್ಯಾಂಡರ್‌ಬಿಲ್ಟ್‌ನ ಪೆರಿ ವಾಲೆಸ್. ಅವನು ಮುಖ್ಯ ಟೀಮಿಗೆ ಇಳಿದದ್ದೂ 1967-68 ರಲ್ಲೇ, ಪೀಟ್ ಶುರು ಮಾಡಿದ ವರ್ಷವೇ. ಒಬ್ಬನಿಗೆ ಹೋದ ಊರಿನಲ್ಲೆಲ್ಲ ಚಪ್ಪಾಳೆ, ಇನ್ನೊಬ್ಬನಿಗೆ ಅದೇ ಊರುಗಳಲ್ಲಿ ಬೈಗುಳ, ಬೆದರಿಕೆ. ಎಲ್‌ಎಸ್‌ಯು ಟೀಮಿಗೆ ಮೊದಲ ಕಪ್ಪು ಆಟಗಾರ ಕಾಲಿಸ್ ಟೆಂಪಲ್ ಬಂದದ್ದು ಪೀಟ್ ಆಡಿ ಹೋದ ಮೇಲೆ. 3,667 ಅನ್ನು ಕೊಂಡಾಡುವಾಗ ಆ ಅಂಗಳದೊಳಗೆ ಬರಲು ಬಿಡದಿದ್ದ ಹುಡುಗರೂ ನೆನಪಾಗಬೇಕು. ಪೀಟ್ ಆ ನಿಯಮ ಮಾಡಿದವನಲ್ಲ. ಆದರೆ ಅವನ ಅಂಕಿ ಆ ನಿಯಮದೊಳಗೇ ಹುಟ್ಟಿದ್ದು.

ಈಗ ಪಾಸ್ ವಿಷಯಕ್ಕೆ ಬರುತ್ತೇನೆ.

ಪೀಟ್ ಬಾಲ್ ಹಿಡಿದು ಓಡಿ ಬರುವ ಒಂದು ತುಣುಕು ಇದೆ. ಎದುರಿಗೆ ಒಬ್ಬ. ಎಡಕ್ಕೆ ಒಬ್ಬ ಜೊತೆಗಾರ. ಪೀಟ್ ಬಲಗೈಯನ್ನು ಬಾಲಿನ ಮೇಲಿಂದ ಎಡಕ್ಕೆ ಬೀಸುತ್ತಾನೆ, ಪಾಸ್ ಹೋಯಿತು ಎಂದು ಎದುರಿನವನು ಆ ಕಡೆ ವಾಲುತ್ತಾನೆ. ಕೈ ಬಾಲನ್ನು ಮುಟ್ಟಿಯೇ ಇರುವುದಿಲ್ಲ. ಅದೇ ಕೈ ವಾಪಸ್ ಬರುವಾಗ, ಹಿಂಗೈಯಿಂದ ಬಾಲನ್ನು ಬಲಕ್ಕೆ ತಟ್ಟುತ್ತದೆ. ಅಲ್ಲಿ ಇನ್ನೊಬ್ಬ ಓಡಿ ಬರುತ್ತಿರುತ್ತಾನೆ. ಅವನನ್ನು ಪೀಟ್ ಯಾವಾಗ ನೋಡಿದ? ಹತ್ತು ಸಲ ನಿಲ್ಲಿಸಿ ನಿಲ್ಲಿಸಿ ನೋಡಿದೆ. ತಲೆ ತಿರುಗಿಸಿಯೇ ಇಲ್ಲ. ಬರುತ್ತಾನೆ ಎಂದು ಗೊತ್ತಿತ್ತು, ಅಷ್ಟೇ.

ಗಾರ್ಡ್ ಆಡಿದವರಿಗೆ ಈ 'ಗೊತ್ತಿರುವುದು' ಏನು ಎಂದು ಗೊತ್ತು. ಒಳ್ಳೆಯ ದಿನ ಒಂದೆರಡು ಸಲ ನಮ್ಮಂಥವರಿಗೂ ಆಗುತ್ತದೆ. ಇಡೀ ಅಂಗಳ ತಲೆಯೊಳಗೆ ಇರುತ್ತದೆ, ಯಾರು ಎಲ್ಲಿಗೆ ಬರುತ್ತಾರೆ ಎಂದು ಮೈಗೆ ಮೊದಲೇ ತಿಳಿದಿರುತ್ತದೆ. ಬಾಲ್ ಬಿಟ್ಟ ಮೇಲೆ ಅದು ಅವಳ ಅಂಗೈಗೆ ಹೋಗಿ ಕೂರುತ್ತದಲ್ಲ, ಆ ಖುಷಿ ನಾನೇ ಹೊಡೆದ ಯಾವ ಪಾಯಿಂಟಿನಲ್ಲೂ ನನಗೆ ಸಿಕ್ಕಿಲ್ಲ. ಪೀಟ್‌ಗೆ ಅದು ದಿನವೂ ಆಗುತ್ತಿತ್ತು. ಆದರೆ ಆ ಪಾಸ್ ಬರುತ್ತದೆ ಎಂದು ಜೊತೆಗಾರರಿಗೇ ಗೊತ್ತಾಗುತ್ತಿರಲಿಲ್ಲ. ಎಷ್ಟೋ ಬಾಲ್‌ಗಳು ಅವರ ಕೈಗೆ, ಎದೆಗೆ ಬಡಿದು ಹೊರಗೆ ಹೋದವು.

ದಾಖಲೆಯಲ್ಲಿ ಅವನ ಅಸಿಸ್ಟ್, ಎಂದರೆ ಜೊತೆಗಾರ ಪಾಯಿಂಟ್ ಹೊಡೆಯುವಂತೆ ಕೊಟ್ಟ ಪಾಸ್, 425, ಪಂದ್ಯಕ್ಕೆ ಐದು. ಇಲ್ಲೊಂದು ಸಣ್ಣ ವಿಷಯ ನನಗೆ ಬಹಳ ಮುಖ್ಯ ಅನ್ನಿಸುತ್ತದೆ. ಮೊದಲ ವರ್ಷ 105, ಎರಡನೇ ವರ್ಷ 128, ಮೂರನೇ ವರ್ಷ 192. ಏರುತ್ತಾ ಹೋಗಿದೆ. ಟೀಮಿನ ಗೆಲುವು ಕೂಡ 14, 13, ಆಮೇಲೆ 22. ಕೊನೆಯ ವರ್ಷ ಸುತ್ತ ಸ್ವಲ್ಪ ಒಳ್ಳೆಯ ಆಟಗಾರರು ಬಂದಿದ್ದರು, ಅವನು ಅವರಿಗೆ ಬಾಲ್ ಕೊಟ್ಟ. ಹಿಡಿಯುವ ಕೈಗಳಿದ್ದಿದ್ದರೆ ಈ ಹುಡುಗ ಕೊಡುತ್ತಿದ್ದ ಎಂದು ಅದರಿಂದ ನಾನು ತಿಳಿದುಕೊಂಡಿದ್ದೇನೆ. ಅಪ್ಪ ಕಲಿಸಿದ ವ್ಯಾಯಾಮಗಳೆಲ್ಲ ಬಾಲ್ ಆಡಿಸುವುದಕ್ಕೆ, ಕೊಡುವುದಕ್ಕೆ. ಅಪ್ಪನಿಗೆ ಬೇಕಾದದ್ದು ಮಾತ್ರ ಪಾಯಿಂಟ್. ನನ್ನ ಮಟ್ಟಿಗೆ 3,667 ರಲ್ಲಿ ಒಂದು ದೊಡ್ಡ ಪಾಲು ಪ್ರೆಸ್ ಮ್ಯಾರವಿಚ್‌ನ ಅವಸರದ್ದು.

ಇದನ್ನು ಬರೆಯುವಾಗ ಕೈ ತಡೆಯುತ್ತದೆ. ಆ ಅಪ್ಪನನ್ನು ಕೆಟ್ಟವನು ಎನ್ನಲು ನನ್ನಿಂದ ಆಗದು. ಮಗನಲ್ಲಿ ಆ ಆಟದ ಹುಚ್ಚು ಹಚ್ಚಿದವನೂ ಅವನೇ. ಇಬ್ಬರೂ ಒಬ್ಬರನ್ನೊಬ್ಬರು ತುಂಬಾ ಪ್ರೀತಿಸುತ್ತಿದ್ದರು, ಆ ಪ್ರೀತಿಗೆ ಇದ್ದ ಭಾಷೆ ಅದೊಂದೇ. 1969 ರ ಮಾರ್ಚ್‌ನಲ್ಲಿ ಜಾರ್ಜಿಯಾ ಎದುರು, ಅವರ ಊರಿನಲ್ಲೇ, ಪಂದ್ಯ ಎರಡು ಸಲ ಹೆಚ್ಚುವರಿ ಸಮಯಕ್ಕೆ ಹೋಯಿತು. ಕೊನೆಗೆ ಎಲ್‌ಎಸ್‌ಯು ಮುಂದಿತ್ತು, ಪೀಟ್ ಒಬ್ಬನೇ ಬಾಲ್ ಇಟ್ಟುಕೊಂಡು ಎಲ್ಲರನ್ನೂ ಸುತ್ತಿಸುತ್ತಾ ಕಾಲ ಕಳೆದ. ಗಡಿಯಾರ ಮುಗಿಯುವಾಗ ದೂರದಿಂದ, ಪಕ್ಕಕ್ಕೆ ತಿರುಗಿ, ತಲೆಯ ಮೇಲಿಂದ ಒಂದು ಹುಕ್ ಶಾಟ್ ಎಸೆದ. ಬಿತ್ತು. ಅವನದ್ದು 58, ಪಂದ್ಯ 90-80. ಎದುರಾಳಿಯ ಜನವೇ ಅಂಗಳಕ್ಕೆ ಓಡಿ ಬಂದು ಅವನನ್ನು ಮುತ್ತಿಕೊಂಡರು. ಯಾವ ಅಪ್ಪನಿಗೆ ಅವತ್ತು ಎದೆ ಉಬ್ಬಿರಲಿಕ್ಕಿಲ್ಲ!

ವೃತ್ತಿಪರ ಆಟದ ಹತ್ತು ವರ್ಷವನ್ನು ಬೇಗ ಹೇಳಿಬಿಡುತ್ತೇನೆ. 1970 ರ ಡ್ರಾಫ್ಟ್‌ನಲ್ಲಿ, ಎಂದರೆ ವೃತ್ತಿಪರ ಟೀಮುಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸಿಕೊಳ್ಳುವಾಗ, ಮೂರನೆಯವನಾಗಿ ಅಟ್ಲಾಂಟಾ ಹಾಕ್ಸ್ ಸೇರಿದ, ಸುಮಾರು 19 ಲಕ್ಷ ಡಾಲರ್ ಒಪ್ಪಂದ. ಆ ಕಾಲಕ್ಕೆ ಕಣ್ಣು ಕುಕ್ಕುವ ಹಣ. ಟೀಮಿನ ಹಿರಿಯರಿಗೆ ಅದು ಹಿಡಿಸಲಿಲ್ಲ. 1974 ರಲ್ಲಿ ನ್ಯೂ ಆರ್ಲಿಯನ್ಸ್ ಜಾಜ್‌ಗೆ ಬಂದ. ಅದೇ ವರ್ಷ ಅವನ ಅಮ್ಮ ಹೆಲೆನ್ ತಾನೇ ತನ್ನ ಬದುಕು ಮುಗಿಸಿಕೊಂಡಳು. ಅದರ ಮೇಲೂ ಆಡಿದ. 1976-77 ರಲ್ಲಿ ಇಡೀ ಎನ್‌ಬಿಎಯಲ್ಲಿ, ಎಂದರೆ ಅಮೆರಿಕದ ವೃತ್ತಿಪರ ಲೀಗಿನಲ್ಲಿ, ಅತಿ ಹೆಚ್ಚು ಪಾಯಿಂಟ್ ಅವನದ್ದೇ, ಪಂದ್ಯಕ್ಕೆ 31.1. ಆ ಫೆಬ್ರವರಿಯಲ್ಲಿ ನ್ಯೂಯಾರ್ಕ್ ನಿಕ್ಸ್ ಎದುರು 68. 1978 ರ ಜನವರಿಯಲ್ಲಿ ಮೊಣಕಾಲು ಹೋಯಿತು. ಹೇಗೆ ಹೋಯಿತು ಗೊತ್ತಾ? ಗಾಳಿಯಲ್ಲಿ ಹಾರಿ, ಕಾಲುಗಳ ನಡುವಿನಿಂದ ಪಾಸ್ ಕೊಡಲು ಹೋಗಿ. ಆಮೇಲೆ ಆ ವೇಗ ತಿರುಗಿ ಬರಲಿಲ್ಲ. 1980 ರಲ್ಲಿ ಬಾಸ್ಟನ್ ಸೆಲ್ಟಿಕ್ಸ್ ಜೊತೆ ಕೆಲವು ತಿಂಗಳು ಆಡಿ ನಿಲ್ಲಿಸಿದ. ಎನ್‌ಬಿಎಗೆ ತ್ರೀ ಪಾಯಿಂಟ್ ಗೆರೆ ಬಂದದ್ದು ಅವನ ಆ ಕೊನೆಯ ಸೀಸನ್‌ನಲ್ಲೇ. ಅಲ್ಲಿಂದ 15 ಎಸೆದು 10 ಹಾಕಿದ. ಅವನು ಬಿಟ್ಟ ಮರುವರ್ಷ ಸೆಲ್ಟಿಕ್ಸ್ ಚಾಂಪಿಯನ್ ಆಯಿತು. ಜೀವನವಿಡೀ ಬಯಸಿದ, ಚಾಂಪಿಯನ್‌ಗಳಿಗೆ ಕೊಡುವ ಆ ಉಂಗುರ ಅವನಿಗೆ ಸಿಗಲೇ ಇಲ್ಲ.

ಬಿಟ್ಟ ಮೇಲೆ ಎರಡು ವರ್ಷ ಮನೆಯಿಂದ ಹೊರಗೆ ಬರುವುದೇ ಕಷ್ಟವಾಯಿತು. ಏನನ್ನೋ ಹುಡುಕಿದ. ಯೋಗ ಮಾಡಿದ, ನಮ್ಮ ಹಿಂದೂ ಧರ್ಮದ ಬಗ್ಗೆ ಓದಿದ, ಮಾಂಸ ಬಿಟ್ಟ, ಹಾರುವ ತಟ್ಟೆಗಳನ್ನು ನಂಬಿದ. ಕೊನೆಗೆ 1982 ರಲ್ಲಿ ಕ್ರೈಸ್ತ ಧರ್ಮದಲ್ಲಿ ಅವನಿಗೆ ನೆಮ್ಮದಿ ಸಿಕ್ಕಿತು. ಅಪ್ಪನಿಗೆ ಕ್ಯಾನ್ಸರ್ ಬಂದಾಗ ಪಕ್ಕದಲ್ಲೇ ಇದ್ದು ನೋಡಿಕೊಂಡ. 1987 ರ ಏಪ್ರಿಲ್‌ನಲ್ಲಿ ಪ್ರೆಸ್ ತೀರಿಕೊಂಡ. ಕೆಲವೇ ವಾರಗಳ ನಂತರ ಮೇ ತಿಂಗಳಲ್ಲಿ ಪೀಟ್ ಬ್ಯಾಸ್ಕೆಟ್‌ಬಾಲ್ ಹಾಲ್ ಆಫ್ ಫೇಮ್ ಸೇರಿದ. ಅಪ್ಪ ಅದನ್ನು ನೋಡಲು ಇರಲಿಲ್ಲ.

1988 ರ ಜನವರಿ 5. ಕ್ಯಾಲಿಫೋರ್ನಿಯಾದ ಪಾಸಡೀನಾ. ಒಂದು ರೇಡಿಯೊ ಕಾರ್ಯಕ್ರಮಕ್ಕೆಂದು ಹೋಗಿದ್ದ. ಬೆಳಿಗ್ಗೆ ಅಲ್ಲಿನ ಚರ್ಚಿನ ಜಿಮ್ಮಿನಲ್ಲಿ ಕೆಲವರು ಸುಮ್ನೆ ಖುಷಿಗೆ ಆಡುತ್ತಿದ್ದರು, ಅವರ ಜೊತೆ ಇವನೂ ಸೇರಿದ. ಮಧ್ಯೆ ವಿರಾಮದಲ್ಲಿ ಹೇಗಿದ್ದೀಯಾ ಎಂದು ಕೇಳಿದ್ದಕ್ಕೆ, ತುಂಬಾ ಚೆನ್ನಾಗಿದ್ದೇನೆ ಎಂದ. ಮರುಕ್ಷಣ ಕುಸಿದ. 40 ವರ್ಷ.

ಪೋಸ್ಟ್‌ಮಾರ್ಟಂ ಮಾಡಿದ ವೈದ್ಯರಿಗೆ ಸಿಕ್ಕಿದ್ದು ಯಾರೂ ಊಹಿಸದ ವಿಷಯ. ಅವನ ಹೃದಯಕ್ಕೆ ಎಡಗಡೆಯ ಪರಿಧಮನಿ ಇರಲೇ ಇಲ್ಲ, ಹುಟ್ಟಿನಿಂದಲೇ. ಬಲಗಡೆಯದ್ದೊಂದೇ ದೊಡ್ಡದಾಗಿ ಬೆಳೆದು ಎರಡರ ಕೆಲಸ ಮಾಡುತ್ತಿತ್ತು. ಇಂಥ ಹೃದಯ ಇದ್ದವರು ಇಪ್ಪತ್ತು ದಾಟುವುದೇ ಅಪರೂಪ ಎಂದರು. ಆ ಹೃದಯದಲ್ಲಿ ಅವನು ಕಾಲೇಜಿನಲ್ಲಿ 83, ಎನ್‌ಬಿಎಯಲ್ಲಿ 658 ಪಂದ್ಯ ಓಡಿದ್ದ. 1974 ರಲ್ಲಿ ಒಬ್ಬ ವರದಿಗಾರನ ಮುಂದೆ, ಹತ್ತು ವರ್ಷ ಎನ್‌ಬಿಎ ಆಡಿ ನಲವತ್ತಕ್ಕೆ ಹೃದಯಾಘಾತದಿಂದ ಸಾಯಲು ತನಗೆ ಇಷ್ಟವಿಲ್ಲ ಎಂಬರ್ಥದ ಮಾತು ಆಡಿದ್ದ. ಸರಿಯಾಗಿ ಹತ್ತು ವರ್ಷ ಆಡಿದ. ಇದನ್ನು ಓದಿದ ರಾತ್ರಿ ನನಗೆ ನಿದ್ದೆ ಹತ್ತಲಿಲ್ಲ.

ಅವನ ಅಂಕಿಯ ಹತ್ತಿರಕ್ಕೆ ಬಂದ ಇನ್ನೊಬ್ಬ ಗಾರ್ಡ್‌ನ ಹೆಸರೂ ಹೇಳಬೇಕು. ಡೆಟ್ರಾಯಿಟ್ ಮರ್ಸಿ ವಿಶ್ವವಿದ್ಯಾಲಯದ ಆಂಟ್ವಾನ್ ಡೇವಿಸ್. 2023 ರ ಮಾರ್ಚ್‌ನಲ್ಲಿ ಅವನ ಕಾಲೇಜು ಆಟ ಮುಗಿದಾಗ ಒಟ್ಟು 3,664. ಮೂರು ಪಾಯಿಂಟ್ ಕಡಿಮೆ. ಒಂದೇ ಒಂದು ತ್ರೀ ಪಾಯಿಂಟರ್. ಅವನಿಗೆ ಐದು ಸೀಸನ್, 144 ಪಂದ್ಯ ಸಿಕ್ಕಿದ್ದವು. ಅವನ ಕೋಚ್ ಯಾರು ಗೊತ್ತಾ? ಅವನ ಅಪ್ಪ, ಮೈಕ್ ಡೇವಿಸ್. ಇದನ್ನು ಓದಿದಾಗ ಕೈಯಲ್ಲಿದ್ದ ಕಾಫಿ ಲೋಟ ಕೆಳಗಿಟ್ಟೆ.

ಕೇಟ್ಲಿನ್ ಕ್ಲಾರ್ಕ್ ಕೊನೆಗೆ 3,951 ಕ್ಕೆ ನಿಂತಳು, ನಾಲ್ಕು ವರ್ಷದಲ್ಲಿ 139 ಪಂದ್ಯ. ಹೋಲಿಕೆ ಸರಿಯೇ ತಪ್ಪೇ ಎಂದು ಜಗಳಗಳಾದವು. ಪಂದ್ಯ ಜಾಸ್ತಿ, ಗೆರೆ ಇದೆ, ಅದು ಇದು. ನನಗೆ ಆ ಜಗಳ ಬೇಡ. ಅವಳ ಇನ್ನೊಂದು ಅಂಕಿ ನನಗೆ ಸಂತೋಷ ಕೊಟ್ಟಿತು. ಅಸಿಸ್ಟ್ 1,144. ಅವಳು ಎಸೆದ ಉದ್ದನೆಯ ಪಾಸ್‌ಗಳನ್ನು ಅಯೋವಾದ ಹುಡುಗಿಯರು ಓಡಿ ಹೋಗಿ ಹಿಡಿಯುವುದನ್ನು ನೋಡುವಾಗ, ಪೀಟ್‌ಗೆ ಇಂಥವರು ನಾಲ್ಕು ಜನ ಸಿಕ್ಕಿದ್ದರೆ ಅನ್ನಿಸುತ್ತದೆ.

ಸಾಯುವ ಮುಂಚಿನ ವರ್ಷ ಪೀಟ್ ಮಕ್ಕಳಿಗಾಗಿ ತರಬೇತಿಯ ವಿಡಿಯೊಗಳನ್ನು ಮಾಡಿದ. ನಲವತ್ತಕ್ಕೆ ಬಂದ ಗಂಡಸು, ಬಾಲನ್ನು ಸೊಂಟದ ಸುತ್ತ, ತಲೆಯ ಸುತ್ತ, ಕಾಲುಗಳ ನಡುವೆ ಎಂಟರ ಆಕಾರದಲ್ಲಿ ಸುತ್ತಿಸುತ್ತಾನೆ. ಮುಖದಲ್ಲಿ ಒಂದು ಹೊಳಪು. ಕಾಲೇಜಿನ ತುಣುಕುಗಳಲ್ಲಿ ಆ ಮುಖ ನಾನು ನೋಡಿಲ್ಲ. ಅಲ್ಲಿ ಅವನ ಹುಬ್ಬು ಯಾವಾಗಲೂ ಗಂಟಿಕ್ಕಿರುತ್ತದೆ. ಇಲ್ಲಿ ಅಂಗಳವಿಲ್ಲ, ಸ್ಕೋರ್ ಬೋರ್ಡ್ ಇಲ್ಲ, ಬೆಂಚಿನ ಮೇಲೆ ಅಪ್ಪ ಇಲ್ಲ. ಅಪ್ಪ ಕಲಿಸಿದ ಪ್ರೆಟ್ಜೆಲ್, ರಿಕೋಶೆ ಇವೆ.

ಕಳೆದ ಯುಗಾದಿಗೆ ಹಾಸನಕ್ಕೆ ಹೋದಾಗ ಒಂದು ಬಾಲ್ ತೆಗೆದುಕೊಂಡು ಹೋಗಿದ್ದೆ. ಸಂಜೆ ತಾರಸಿಯ ಮೇಲೆ ಆ ವಿಡಿಯೊ ಇಟ್ಟುಕೊಂಡು ಪ್ರೆಟ್ಜೆಲ್ ಕಲಿಯುತ್ತಿದ್ದೆ. ಅಪ್ಪ ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು ಕೂತಿದ್ದರು. ಅವರಿಗೆ ಈಗ 81. ಡೈರಿ ಬರೆಯುವುದು ನಿಂತು ಮೂರು ವರ್ಷವಾಯಿತು, ಕೈ ನಡುಗುತ್ತದೆ. ಪೀಟ್ ಕಥೆ ಪೂರ್ತಿ ಹೇಳಿದೆ. ಕಾರಿನ ಕಿಟಕಿಯ ವಿಷಯ ಬಂದಾಗ "ಅಯ್ಯೋ, ಮಗು ಬಿದ್ದಿದ್ರೆ?" ಎಂದರು. ಹೃದಯದ ವಿಷಯ ಬಂದಾಗ ಏನೂ ಹೇಳಲಿಲ್ಲ.

ಸ್ವಲ್ಪ ಹೊತ್ತಾದ ಮೇಲೆ ಬಾಲನ್ನು ನೆಲಕ್ಕೆ ಒಂದು ಸಲ ಪುಟಿಸಿ, ನಿಧಾನಕ್ಕೆ, ಅವರ ಎದೆಯ ಎತ್ತರಕ್ಕೆ ಹೋಗುವಂತೆ ಕಳಿಸಿದೆ. ಅವರು ಗಾಬರಿಯಿಂದ ಎರಡೂ ಕೈ ಚಾಚಿ ಹಿಡಿದರು. ಜೀವನದಲ್ಲಿ ಒಮ್ಮೆಯೂ ಬ್ಯಾಸ್ಕೆಟ್‌ಬಾಲ್ ಮುಟ್ಟಿರಲಿಲ್ಲವಂತೆ. "ಇಷ್ಟು ಭಾರ ಇರುತ್ತಾ!" ಎಂದು ವಾಪಸ್ ಎಸೆದರು. ನಾನು ಮತ್ತೆ ಕಳಿಸಿದೆ. ಹಿಡಿದರು. ಐದಾರು ಸಲ ಆದ ಮೇಲೆ ಅವರ ತುಟಿ ಅಲುಗಾಡುತ್ತಿರುವುದು ಕಾಣಿಸಿತು. ನೋಟಿನ ಕಟ್ಟು ಎಣಿಸುವಾಗ ಹಾಗೆ ಅಲುಗಾಡುತ್ತಿತ್ತು. ಕಿವಿಗೊಟ್ಟು ಕೇಳಿದೆ. ಒಂಬತ್ತು. ಹತ್ತು. ಹನ್ನೊಂದು.

ಇಪ್ಪತ್ತಾರಕ್ಕೆ ಬಾಲ್ ಅವರ ಕೈ ಜಾರಿ ಮೆಟ್ಟಿಲ ಕಡೆ ಉರುಳಿತು. ತರಲು ನಾನು ಕೆಳಗೆ ಓಡಿದೆ. "ಇಪ್ಪತ್ತೈದು ಅಂತ ಇಟ್ಕೊಮ್ಮ, ಕೊನೇದು ಸೇರ್ಸೋದು ಬೇಡ" ಎಂದು ಮೇಲಿನಿಂದ ಕೂಗಿದರು.